ಗೋಡೆಯೊಳಗಿನ ಆನೆ ಯಾರದು?

ತಾತ,

ನಿನ್ನ ಮೇಲೆ ನನಗೊಂದು ಅನುಮಾನ ಇದೆ. ನೀನು ಹೋದಮೇಲೆ ಕೇಳುವುದು ತಪ್ಪೇನೋ. ಆದರೆ ಇನ್ಯಾರನ್ನು ಕೇಳಲಿ?

ಹೋದ ವಾರ ಕಾಲೇಜಿನಲ್ಲಿ ಸೀನಿಯರ್‌ಗಳ ಶಾರ್ಟ್ ಫಿಲ್ಮ್ ತೋರಿಸಿದರು. ಒಂದರಲ್ಲಿ ಗೋಡೆಯೊಳಗೆ ಆನೆ. ಪುಟ್ಟ ಹುಡುಗಿ ಎರಡು ಸಲ ಬಡಿದರೆ ಅದು ಮೂರು ಸಲ ಬಡಿಯುತ್ತದೆ. ಆಮೇಲೆ ಸ್ವಿಚ್‌ಬೋರ್ಡಿನಿಂದ ಸೊಂಡಿಲು ಹೊರಬಂದು ಸಾರಕ್ಕಿ ಕೆರೆಯನ್ನೇ ಅಡುಗೆಮನೆಗೆ ಸುರಿಯುತ್ತದೆ. ಎಲ್ಲರೂ ಚಪ್ಪಾಳೆ ಹೊಡೆದರು, ನನಗೆ ಕೈ ಎತ್ತಲಾಗಲಿಲ್ಲ. ಅದು ನನ್ನ ಆನೆ! ಸ್ಕೂಲಿನ ಹಾಸ್ಟೆಲಿನಲ್ಲಿ ಯಾವಾಗಲೋ ನಿದ್ದೆಗಣ್ಣಲ್ಲಿ ಬಾಯಿಬಿಟ್ಟೆನಾ ಅಂತ ಯೋಚಿಸುವಷ್ಟರಲ್ಲಿ ಕೊನೆಗೆ ನಿರ್ದೇಶಕಿಯ ಹೆಸರು ಬಂತು. ಪಲ್ಲವಿ. ಚಿಕ್ಕಪ್ಪನ ಮಗಳು.

ಅಪ್ಪ, ಚಿಕ್ಕಪ್ಪ ಮಾತುಬಿಟ್ಟು ಮನೆಯ ಹಾಲ್ ಮಧ್ಯೆ ಗೋಡೆ ಎಬ್ಬಿಸಿದ ವರ್ಷ ನೆನಪಿದೆಯಾ? ಹದಿನೈದು ದಿನ ನಮ್ಮ ಕಡೆ ನಿನ್ನ ಊಟ, ಹದಿನೈದು ದಿನ ಅವರ ಕಡೆ. ಹಾಸ್ಟೆಲಿನಿಂದ ರಜಕ್ಕೆ ಬಂದ ನಾನು ಆಡಲು ಯಾರೂ ಇಲ್ಲ ಅಂತ ಅಳುತ್ತಿದ್ದೆ. ನೀನು ಕಿವಿಯಲ್ಲಿ ಅಂದೆ, "ಲೇ, ಈ ಗೋಡೆ ಒಳ್ಗೆ ಆನೆ ಐತೆ. ಅದು ಎರಡು ಸಲ ಬಡೀತದೆ, ನೀನು ಮೂರು ಸಲ ಬಡಿ. ಯಾರ್ಗೂ ಹೇಳ್ಬೇಡ, ಹೊಂಟೋಯ್ತದೆ." ಆ ಮನೆಯಲ್ಲಿ ನನಗೆ ಅಂತ ಇದ್ದದ್ದು ಅದೊಂದೇ. ಅದನ್ನೂ ನಿನ್ನ ಆ ಕಡೆಯ ಹದಿನೈದು ದಿನದಲ್ಲಿ ಅವಳಿಗೆ ಕೊಟ್ಟುಬಿಟ್ಟೆಯಾ?

ಕಾರಿಡಾರಿನಲ್ಲಿ ಅವಳನ್ನು ತಡೆದು ನಿಲ್ಲಿಸಿದೆ. ಎಷ್ಟೋ ವರ್ಷಗಳ ಮೇಲೆ ಮೊದಲ ಮಾತು.

"ಈ ಸ್ಟೋರಿ ಎಲ್ಲಿಂದ ಕದ್ದೆ, ಅಕ್ಕಾ?"

"ಕದಿಯೋಕೆ ಅದೇನ್ ನಿಂದಾ? ತಾತ ನಂಗ್ ಮಾತ್ರ ಹೇಳಿದ್ದು ಕಣೋ. ಸಖತ್ ಕೊಬ್ಬು ಆ ಆನೆಗೆ. ಬೇಸಿಗೆ ರಜ, ದಸರಾ ರಜ ಬಿಟ್ರೆ ಸೈಲೆಂಟು. ಆದ್ರೂ ದಿನಾ ಸ್ಕೂಲಿಂದ ಬಂದು ಬಡೀತಿದ್ದೆ, ಲೂಸ್ ಥರ."

ರಜದಲ್ಲಿ ಮಾತ್ರ. ನಾನು ಮನೆಗೆ ಬರುತ್ತಿದ್ದದ್ದೂ ಆವಾಗಲೇ. ಹಾಗಾದರೆ ತಾತ, ನಾನು ಹಾಸ್ಟೆಲಿನ ಮಂಚದ ಮೇಲೆ ನನ್ನನ್ನು ಯಾರೂ ನೆನೆಸಿಕೊಳ್ಳುವುದಿಲ್ಲ ಅಂತ ಮುಖ ಮುಚ್ಚಿಕೊಂಡಿದ್ದ ಅಷ್ಟೂ ದಿನ, ಗೋಡೆಯ ಆ ಕಡೆ ಒಬ್ಬಳು...

ಇಬ್ಬರಿಗೂ ಸುಳ್ಳು ಹೇಳಿದೆ ನೀನು. ಬೇಕಂತಲೇ ಅಲ್ಲವಾ?

ಅವಳಿಗೆ ನಾನಿನ್ನೂ ಏನೂ ಹೇಳಿಲ್ಲ. ನಿನ್ನೆ ಸಂಜೆ ಮನೆಯಲ್ಲಿ ಆ ಗೋಡೆಗೆ ಒರಗಿ ಕೂತು ಮೂರು ಸಲ ಬಡಿದೆ. ಆ ಕಡೆ ಟಿವಿ ಸದ್ದು ನಿಂತಿತು. ಆಮೇಲೆ ಮೆಲ್ಲಗೆ, ಎರಡು.

ಅಪ್ಪ ಪೇಪರ್ ಕೆಳಗಿಳಿಸಿ, "ಏನೋ ಅದು ಸದ್ದು?" ಅಂದರು.

ನಾನು ಹೇಳಲಿಲ್ಲ, ತಾತ.