ವಾರಸುದಾರರಿಲ್ಲದ ಹಸಿರು ಗೌನು

ನವೆಂಬರ್ ೨೩, ಭಾನುವಾರ

ಪರಮಪೂಜ್ಯ ಅಕ್ಕನವರ ಪಾದಾರವಿಂದಗಳಿಗೆ,

ನಿಮ್ಮ ಏಕೈಕ ತಮ್ಮನ ಸಾಷ್ಟಾಂಗ ನಮಸ್ಕಾರ. ಬೆನ್ನು ಹಿಡಿದುಕೊಂಡಿರುವುದರಿಂದ ಕುಳಿತಲ್ಲೇ ಮಾಡಿದ್ದೇನೆ, ಒಪ್ಪಿಸಿಕೊಳ್ಳಬೇಕು. ನಿನ್ನ ಎರಡು ಕಾಗದಕ್ಕೂ ಉತ್ತರ ಬರೆಯದ ಪಾಪಿ ನಾನು. ಬೈಗುಳವನ್ನೆಲ್ಲ ಒಂದೇ ಲಕೋಟೆಯಲ್ಲಿ ಹಾಕಿ ಕಳಿಸು.

ಪ್ರದರ್ಶನ ಮುಗಿಯಿತು ಕಣೇ. ಬಟ್ಟೆ ಒಗೆಯುವವರ ಓಣಿಯ ನೋವು, ಅದರಲ್ಲೂ ನನ್ನಂಥ ಹುಡುಗನ ನೋವು ಹಸಿಹಸಿಯಾಗಿ ಬೇಕು ಎಂದು ಗ್ಯಾಲರಿಯ ಮೇಡಂ ಮೊದಲೇ ಹೇಳಿದ್ದರು. ಇಸ್ತ್ರಿ ಮಾಡಿ ಕೊಡಲೋ, ಹಾಗೇ ಕೊಡಲೋ ಎಂದು ಕೇಳಿದೆ. ಅವರು ಅದನ್ನೂ ಬರೆದುಕೊಂಡರು.

ಅಪ್ಪನ ಇಸ್ತ್ರಿ ಅಂಗಡಿಯ ಹಿಂದಿನ ಕೋಣೆ ನೆನಪಿದೆಯಲ್ಲ? ಯಾರೂ ಬಂದು ಕೇಳದ ಬಟ್ಟೆಯನ್ನು ಅಪ್ಪ ಎಸೆಯುವುದಿಲ್ಲ. ಆರು ತಿಂಗಳಿಗೊಮ್ಮೆ ಮತ್ತೆ ಒಗೆದು, ಇಸ್ತ್ರಿ ಮಾಡಿ, ಹೊಸ ಚೀಟಿ ಕಟ್ಟಿ ನೇತುಹಾಕುತ್ತಾನೆ. ಅಂಥ ಹನ್ನೆರಡನ್ನು ಅಮ್ಮ ಗುಟ್ಟಾಗಿ ಕಳಿಸಿಕೊಟ್ಟಳು. ಅವುಗಳಲ್ಲೇ ಒಂದು ಹಸಿರು ಗೌನು ತೊಟ್ಟು, ಕೊರಳಿಗೆ ಚೀಟಿ ಕಟ್ಟಿಕೊಂಡು, ಉಳಿದವುಗಳ ಸಾಲಿನಲ್ಲಿ ನಾನೂ ನಿಂತೆ. ನಿಯಮ ಗೋಡೆಯ ಮೇಲಿತ್ತು: ಯಾರಾದರೂ 'ಇವನು ನಮ್ಮವನು' ಎಂದರೆ ಮರುಮಾತಿಲ್ಲದೆ ಅವರ ಜೊತೆ ಹೊರಡುತ್ತೇನೆ, ಅಲ್ಲಿಯವರೆಗೆ ಅಲುಗುವುದಿಲ್ಲ.

ನನಗೆ ಗಂಡಸರೇ ಇಷ್ಟ ಎಂದು ಹೇಳಿದ ದಿನದಿಂದ, ಹನ್ನೊಂದು ತಿಂಗಳು, ಅಪ್ಪ ನನ್ನೊಡನೆ ಮಾತು ಬಿಟ್ಟಿದ್ದಾನೆ. ಇಷ್ಟೆಲ್ಲ ಅವನೊಬ್ಬನಿಗಾಗಿ ಎಂದು ಮೇಡಂಗೆ ಹೇಳಲಿಲ್ಲ.

ಜನ ಬಂದರು, ತಲೆದೂಗಿದರು. ಒಬ್ಬಾಕೆ ಗೌನು ಮುಟ್ಟಿ ನೋಡಿ, ಈ ಬಟ್ಟೆ ಎಲ್ಲಿ ಸಿಗುತ್ತದೆ ಎಂದು ವಿಚಾರಿಸಿದಳು. ಒಬ್ಬ ಮೇಷ್ಟ್ರು ನನ್ನೆದುರಿಗೇ ಶಿಷ್ಯರಿಗೆ ನನ್ನ ಅರ್ಥ ವಿವರಿಸಿದರು. ನನಗೂ ಆಗಲೇ ತಿಳಿದದ್ದು. ಎರಡು ದಿನ ಯಾರೂ ನಮ್ಮವನು ಅನ್ನಲಿಲ್ಲ. ಮೂರನೆಯ ದಿನ ಮಾತ್ರ ಚಪ್ಪಾಳೆಯೋ ಚಪ್ಪಾಳೆ. ಬೇರೆ ಊರಿಗೂ ಕರೆದಿದ್ದಾರೆ.

ಭಾವನಿಗೆ ನಮಸ್ಕಾರ, ಪಾಪುವಿಗೆ ಕಚಗುಳಿ. ಈ ಮಹಾಕಲಾವಿದನ ಆಶೀರ್ವಾದ ವಯಸ್ಸು ನೋಡದೆ ನಿನ್ನ ಮೇಲೂ ಇರಲಿ.

ನಿನ್ನ
ಕೋತಿ

ತಾ.ಕ.: ಚಪ್ಪಾಳೆ ಯಾಕೆ ಅಂತ ಬರೆಯಲಿಲ್ಲ. ಮೂರನೆಯ ದಿನ ಮಧ್ಯಾಹ್ನ ಅಪ್ಪ ಬಂದ. ಅಮ್ಮ ಹೇಳಿರಬೇಕು. ಅಂಗಡಿಯಿಂದ ನೇರ, ಮಡಚಿದ ಅಂಗಿಯ ತೋಳು ಇಳಿಸದೆ. ಗೋಡೆಯ ಬರಹವನ್ನು ಬೆರಳಿಟ್ಟು ಎರಡು ಸಲ ಓದಿದ. ಆಮೇಲೆ ಎಲ್ಲರೆದುರು ಹೇಳಿದ: "ಇವನು ನಮ್ಮವನು. ನಡಿಯೋ, ಮನೆಗೆ ಹೋಗೋಣ."

ಅವನೂ ಆಟದ ಪಾತ್ರಧಾರಿ ಅಂದುಕೊಂಡು ಜನ ಚಪ್ಪಾಳೆ ತಟ್ಟಿದರು. ಅಲುಗಬೇಡ, ಫೋಟೊ ತೆಗೀತಿದ್ದಾರೆ ಎಂದು ಮೇಡಂ ಹಿಂದಿನಿಂದ ಪಿಸುಗುಟ್ಟಿದರು. ನಾನು ಅಲುಗಲಿಲ್ಲ ಅಕ್ಕ. ಫೋಟೊ ತೆಗೆಯುವಷ್ಟು ಹೊತ್ತು, ಅಷ್ಟೇ.

ಚಿಕ್ಕಂದಿನಿಂದ ಅವನ ಕನ್ನಡಕ ಅಡಗಿಸಿದವನು, ಚಪ್ಪಲಿ ಅದಲುಬದಲು ಮಾಡಿ ನಕ್ಕವನು ನಾನು. ಅಪ್ಪ ಜನರನ್ನು ನೋಡಿದ, ನನ್ನನ್ನು ನೋಡಿದ. "ಇದೂ ತಮಾಷೆನಾ?" ಅಂತ ಮೆಲ್ಲಗೆ ಕೇಳಿದ.

ಚೀಟಿ ಕಿತ್ತು, ಗೌನು ಎತ್ತಿಕೊಂಡು ಬೀದಿಗೆ ಓಡುವ ಹೊತ್ತಿಗೆ ಅಪ್ಪ ಹತ್ತಿದ ಬಸ್ಸು ಹೊರಟಿತ್ತು. ಅಂಗಡಿಗೆ ಹೋದರೆ, ಅಪ್ಪ ನನ್ನ ಮುಖ ನೋಡಲ್ಲ ಅಂತಿದ್ದಾನೆ ಎಂದು ಅಮ್ಮ ಬಾಗಿಲಲ್ಲೇ ತಡೆದಳು.

ತಮಾಷೆ ಅಲ್ಲ ಅಂತ ಅಪ್ಪನಿಗೆ ನೀನು ಹೇಳು ಅಕ್ಕ. ನಾನು ಹೇಳಿದರೆ ನಂಬುವುದಿಲ್ಲ.