ಸ್ವಸ್ಥ ಬುದ್ಧಿಯಿಂದ, ಸ್ವಂತ ಇಚ್ಛೆಯಿಂದ

ಅಕ್ಟೋಬರ್ 3, 1922. ಮಂಗಳವಾರ

ಆರಕ್ಕೆ ಬಲಿಪೂಜೆ. ಲ್ಯಾಟಿನ್ ಎಲ್ಲೂ ತಪ್ಪಲಿಲ್ಲ. ಎಂಟಕ್ಕೆ ತಿಂಡಿ. ಮೊಟ್ಟೆಗೆ ಉಪ್ಪು ಬೇಕಿತ್ತು. ಉಪ್ಪಿಗೆ ಇಂಗ್ಲಿಷಿನಲ್ಲಿ ಏನೆನ್ನುತ್ತಾರೆ — ಬರಲೇ ಇಲ್ಲ. ಎದುರಿಗೆ ಟಿಯರ್ನಿ ಕೂತಿದ್ದರು. ಆಡಳಿತದಲ್ಲಿ ನನ್ನ ಬಲಗೈ, ಕಣ್ಣು ಚುರುಕು. ಸಪ್ಪೆಯೇ ತಿಂದೆ.

ಅಮೆರಿಕಕ್ಕೆ ಬಂದು ನಲವತ್ತೊಂದು ವರ್ಷ. ಹದಿನೆಂಟು ವರ್ಷದಿಂದ ಇಲ್ಲಿನ ಮಹಾಧರ್ಮಾಧ್ಯಕ್ಷ. ನನ್ನ ಇಂಗ್ಲಿಷ್ ಪ್ರಸಂಗ ಕೇಳಲು ಪ್ರೊಟೆಸ್ಟೆಂಟರೂ ಬರುತ್ತಿದ್ದರು. ಆಗಸ್ಟಿನಲ್ಲಿ ಬಚ್ಚಲಲ್ಲಿ ಬಿದ್ದೆನಲ್ಲ, ಅಂದಿನಿಂದ ಹೀಗೆ. ದಿನಕ್ಕೆ ನಾಲ್ಕಾರು ಪದ ಹೋಗುತ್ತಿವೆ. ಯಾರಿಗೂ ಹೇಳಿಲ್ಲ. ಈ ದಿನಚರಿಯೂ ಈಗ ಸ್ಲೊವೀನ್ ಭಾಷೆಯಲ್ಲಿ. ಅಮ್ಮನ ಮಾತೊಂದೇ ಕೈಗೆ ಸಿಗುತ್ತಿದೆ.

ಅಕ್ಟೋಬರ್ 6

ಸಭೆ. ಎರಡು ಗಂಟೆ ತಲೆಯಾಡಿಸಿದೆ. ಗಂಭೀರವಾಗಿದ್ದರೆ ಸಾಕು, ಯೋಚಿಸುತ್ತಿದ್ದಾರೆ ಅಂದುಕೊಳ್ಳುತ್ತಾರೆ. ಕೊನೆಗೆ ಕಾಗದಗಳು ಬಂದವು. ಓದುವಂತೆ ನಟಿಸಿ ಸಹಿ ಹಾಕಿದೆ. ಅಕ್ಷರಗಳು ಕಾಣುತ್ತವೆ, ಅರ್ಥ ಏಳುವುದಿಲ್ಲ.

ಅಕ್ಟೋಬರ್ 10

ಅಡುಗೆಯ ಉರ್ಶಾಗೆ ಗೊತ್ತಾಗಿದೆ. ಗಣಿಯಲ್ಲಿ ಸತ್ತವನ ಹೆಂಡತಿ, ನಮ್ಮ ಕಡೆಯವಳೇ. ಹನ್ನೊಂದು ವರ್ಷ ಇಂಗ್ಲಿಷಿನಲ್ಲೇ ಮಾತಾಡಿಸಿದ್ದೆ. ಇವತ್ತು ತಟ್ಟೆ ಇಟ್ಟು ನಮ್ಮ ಮಾತಿನಲ್ಲೇ ಕೇಳಿದಳು: "ಸ್ವಾಮಿ, ಇಂಗ್ಲಿಷು ಬಿಟ್ಟುಹೋಯ್ತಾ?"

ಹೌದೆಂದೆ. 

"ನನಗದು ಬಂದೇ ಇರಲಿಲ್ಲ ಬಿಡಿ. ಬದುಕಿದೀನಲ್ಲ," ಎಂದಳು.

ಮಧ್ಯಾಹ್ನ ಹಿಟ್ಟಿನ ಮುದ್ದೆ ಮಾಡಿಕೊಟ್ಟಳು, ಮೇಲೆ ಕರಿದ ಹಂದಿ ಕೊಬ್ಬಿನ ಚೂರು. ತಿನ್ನುತ್ತ ಗಾಶ್ಪರ್ ನೆನಪಾದ. ಗುರುಪಟ್ಟದ ಓದಿಗೆ ಒಂದೇ ಸೆಮಿನರಿ, ಅಮೆರಿಕಕ್ಕೆ ಒಂದೇ ಹಡಗು. ನಾನು ಪದವಿಯಲ್ಲಿ ಮೇಲೇರಿದೆ. ಅವನು ಐರನ್ ಕ್ರೀಕ್‌ನಲ್ಲಿ ನಮ್ಮ ಗಣಿ ಜನರ ಗುರುವಾಗಿಯೇ ಉಳಿದ. ಹದಿನೇಳರಲ್ಲಿ, ನಾವು ಬಿಟ್ಟು ಬಂದ ದೇಶದ ಮೇಲೆಯೇ ಅಮೆರಿಕ ಯುದ್ಧ ಸಾರಿದ ವರ್ಷ, ಪ್ರಸಂಗವೆಲ್ಲ ಇಂಗ್ಲಿಷಿನಲ್ಲೇ ಆಗಬೇಕೆಂದು ಆಜ್ಞೆ ಹೊರಡಿಸಿದವನು ನಾನು. ನಮ್ಮ ಜನರನ್ನು ಯಾರೂ ಶತ್ರುಗಳೆನ್ನಬಾರದು, ಅದಕ್ಕೆ. ನನ್ನನ್ನೂ ಅನ್ನಬಾರದು, ಅದಕ್ಕೂ. ಗಾಶ್ಪರ್ ಒಪ್ಪಲಿಲ್ಲ. ಅವನನ್ನು ಅಮಾನತು ಮಾಡಿದೆ. ಐದು ವರ್ಷದಿಂದ ಗಣಿಯ ದೀಪದ ಮನೆಯಲ್ಲಿ ಕೆಲಸಗಾರರ ದೀಪಗಳ ಗಾಜು ಒರೆಸುತ್ತಾನಂತೆ.

ಅಕ್ಟೋಬರ್ 17

ಐರನ್ ಕ್ರೀಕ್ ಗಣಿಗೆ ನೀರು ನುಗ್ಗಿದೆ. ಕಳೆದ ಬುಧವಾರವೇ. ಹನ್ನೊಂದು ಜನ. ಟಿಯರ್ನಿ ಏನೇನೋ ವಿವರಿಸಿದರು. ಗಾಶ್ಪರ್ ಹೆಸರು ಎರಡು ಸಲ ಕೇಳಿಸಿತು. ಮೃತರ ಮನೆಯವರಿಗೆ ಸಂತಾಪದ ಪತ್ರವಿರಬೇಕು. ಸಹಿ ಹಾಕಿದೆ.

ಅಕ್ಟೋಬರ್ 20. ಶುಕ್ರವಾರ

ಸಂತಾಪದ ಪತ್ರವಲ್ಲ.

ಉರ್ಶಾಳ ನಾದಿನಿ ಅಲ್ಲಿಂದ ಬರೆದಿದ್ದಾಳೆ. ನೀರು ಏರುತ್ತಿದ್ದಾಗ ಗಾಶ್ಪರ್ ಗಣಿಯ ಬಾಯಲ್ಲಿ ಬೋರಲು ಬಿದ್ದು, ಕೆಳಗಿದ್ದವರಿಗೆ ಪಾಪಕ್ಷಮೆಯ ಮಾತುಗಳನ್ನು ಕೂಗಿ ಹೇಳಿದನಂತೆ. ಮೂರು ಗಂಟೆ ಹೊತ್ತು, ಕೆಳಗಿನಿಂದ ಉತ್ತರ ಬರುವುದು ನಿಲ್ಲುವ ತನಕ. ಆಮೇಲೆ ಚರ್ಚಿನ ಬೀಗ ಒಡೆದು ಸತ್ತವರಿಗೆ ಪೂಜೆ ಮಾಡಿದ. ಅಮಾನತಾದವನು ಹಾಗೆ ಮಾಡಬಾರದು. ಅದಕ್ಕೇ ಅವನನ್ನು ಧರ್ಮಸಭೆಯಿಂದ ಬಹಿಷ್ಕರಿಸಿ ಪತ್ರ ಹೊರಟಿದೆ. ಭಾನುವಾರ ಅವನ ಊರಿನಲ್ಲೇ ಓದುತ್ತಾರೆ. ಕೆಳಗೆ ನನ್ನ ಸಹಿ.

ಟಿಯರ್ನಿ ಕೋಣೆಗೆ ಹೋದೆ. ಪತ್ರ ನಿಲ್ಲಿಸಿ ಎನ್ನಬೇಕಿತ್ತು. ಬಾಯಿ ತೆರೆದರೆ ಸ್ಲೊವೀನ್. ಮತ್ತೆ ಪ್ರಯತ್ನಿಸಿದೆ. ಮತ್ತೆ ಅದೇ. ಲ್ಯಾಟಿನ್‌ಗೆ ತಿರುಗಿದರೆ ಗಾಬರಿಯಲ್ಲಿ ಪೂಜೆಯ ಬಾಯಿಪಾಠದ ಸಾಲುಗಳು ಮಾತ್ರ ಬಂದವು. ಮೇಜು ಗುದ್ದಿದೆ. ಪಾಪ, ಅವರು ಹೆದರಿದರು. ಕುರ್ಚಿ ಎಳೆದು ಕೂರಿಸಿದರು, ನೀರು ಕೊಟ್ಟರು. ಡಾಕ್ಟರಿಗೆ ಫೋನ್ ಮಾಡಿದರು.

ಈಗ ಬಾಗಿಲ ಹೊರಗೆ ಒಬ್ಬ ನರ್ಸ್.

ಅಕ್ಟೋಬರ್ 21. ರೈಲಿನಲ್ಲಿ

ಬೆಳಿಗ್ಗೆ ಟಿಯರ್ನಿ ಪೂಜೆಗೆ ಹೋದಾಗ ಉರ್ಶಾ ನರ್ಸನ್ನು ಕಾಫಿಗೆ ಕರೆದಳು. ನಾನು ಹಿಂಬಾಗಿಲಿನಿಂದ. ಶಿಲುಬೆ, ಉಂಗುರ ಜೇಬಿನಲ್ಲಿ. ಹಳೆಯ ಕರಿ ಕೋಟು. ಅರ್ಧ ಗಂಟೆಗೆ ಅವಳೂ ಸ್ಟೇಷನ್ನಿಗೆ ಬಂದಳು. ಬಲಗೈ ಜೋಮು ಹಿಡಿದಿದೆ. ಎಡಗೈಯಲ್ಲಿ ಬರೆಯುತ್ತಿದ್ದೇನೆ.

ಅದೇ ದಿನ, ಸಂಜೆ

ಐರನ್ ಕ್ರೀಕ್‌ನಲ್ಲಿ ಇಳಿದು ಉರ್ಶಾ ನಾದಿನಿಯ ಮನೆಗೆ ಹೋದಳು. ಗಾಶ್ಪರ್ ಬಾಗಿಲು ತೆರೆದ. ಮುದುಕನಾಗಿದ್ದಾನೆ. ಬೆರಳ ಸಂದಿಯಲ್ಲೆಲ್ಲ ದೀಪದ ಮಸಿ. ಬಾಗಿಲು ತೆರೆದೇ ಬಿಟ್ಟು ಒಳಗೆ ನಡೆದ.

ಎಲ್ಲ ಹೇಳಿದೆ. ಇಂಗ್ಲಿಷ್ ಹೋಗಿದ್ದು, ಓದದೆ ಸಹಿ ಹಾಕಿದ್ದು. ಅವನು ಬೆರಳು ಒರೆಸಿಕೊಳ್ಳುತ್ತ ಕೇಳಿದ:

"ಈ ಪತ್ರಾನ ಓದದೆ ಸಹಿ ಹಾಕ್ದೆ. ಸರಿ. ಹದಿನೇಳರದ್ದು?"

"ಅದನ್ನ ಓದಿದ್ದೆ. ನಾನೇ ಬರೆದಿದ್ದು."

"ಹೂಂ. ಈ ಐದು ವರ್ಷದಲ್ಲಿ ಅರವತ್ತು ಮುದುಕ್ರು ಸತ್ರು, ಯಾಕೊಬ್. ಸಾಯೋವಾಗ ಅವ್ರ ಪಾಪನಿವೇದನೆ ಕೇಳೋಕೆ ನಮ್ಮ ಭಾಷೆ ಬರೋ ಗುರು ಒಬ್ಬನೂ ಇರ್ಲಿಲ್ಲ, ನನ್ನನ್ನ ನೀನು ತೆಗೆದಿದ್ದೆ. ಬಾಗಿಲಾಚೆ ನಿಂತು ಕೇಳಿಸ್ಕೊಂಡಿದೀನಿ — ನನ್ನ ಜಾಗಕ್ಕೆ ನೀನು ಕಳಿಸಿದ ಆ ಹುಡುಗ ಗುರು ಇಂಗ್ಲಿಷಲ್ಲಿ ಕೇಳ್ತಿದ್ದ, ಇವ್ರು ಗೋಡೆ ಕಡೆ ತಿರುಗಿ ಅಳ್ತಿದ್ರು."

ನಿನ್ನ ಮೇಲಿನ ಅಮಾನತು, ಬಹಿಷ್ಕಾರ ಎಲ್ಲ ತೆಗೆದಿದ್ದೇನೆ ಎಂದೆ.

"ನನಗ್ಯಾಕೆ ಹೇಳ್ತೀಯ? ಅವರಿಗೆ ಹೇಳು."

ತನ್ನ ಹಾಸಿಗೆ ನನಗೆ ಬಿಟ್ಟ.

ಅಕ್ಟೋಬರ್ 22. ಭಾನುವಾರ

ಹುಡುಗ ಗುರು ಪತ್ರ ಬಿಚ್ಚುವ ಮೊದಲೇ ಶಿಲುಬೆ, ಉಂಗುರ ಧರಿಸಿ ಚರ್ಚಿನ ವೇದಿಕೆ ಹತ್ತಿದೆ. ಅವನು ಪಕ್ಕಕ್ಕೆ ಸರಿದ. ಮುಂದಿನ ಸಾಲಿನಲ್ಲಿ ಹನ್ನೊಂದು ವಿಧವೆಯರು.

ನಮ್ಮ ಮಾತಿನಲ್ಲೇ ಹೇಳಿದೆ. ಆ ಆಜ್ಞೆ ನನ್ನದು, ನನ್ನ ಭಯದಿಂದ ಹುಟ್ಟಿದ್ದು, ಇವತ್ತಿಗೆ ರದ್ದು. ಗಾಶ್ಪರ್ ನಿಮ್ಮ ಗುರು. ನಡುವೆ ಎರಡು ಸಲ ಪದ ಸಿಗದೆ ನಿಂತೆ. ಎರಡೂ ಸಲ ಕೆಳಗಿನಿಂದ ಯಾರೋ ಹೆಂಗಸು ಮೆಲ್ಲಗೆ ಹೇಳಿಕೊಟ್ಟಳು.

ಕ್ಷಮಿಸಿ ಎಂದಾಗ ಒಬ್ಬಳು ಎದ್ದು ಹೊರಗೆ ಹೋದಳು. ತಡೆಯಲು ಮನಸ್ಸು ಬರಲಿಲ್ಲ.

ಮಧ್ಯಾಹ್ನದ ರೈಲಿಗೆ ಟಿಯರ್ನಿ ಬಂದರು, ಡಾಕ್ಟರೊಂದಿಗೆ.

ನವೆಂಬರ್ 4. ಸಿಸ್ಟರುಗಳ ಆಸ್ಪತ್ರೆ

ಬರೆಯಲು ಇವತ್ತು ಆಗುತ್ತಿದೆ. ಉರ್ಶಾಳನ್ನು ಕೆಲಸದಿಂದ ತೆಗೆದರು. ಇಲ್ಲಿ ನನ್ನ ಮಾತು ತಿಳಿಯುವವರು ಯಾರೂ ಇಲ್ಲ. ಭಾನುವಾರದ ರದ್ದತಿ ಲೆಕ್ಕಕ್ಕಿಲ್ಲವಂತೆ, ಬುದ್ಧಿ ಸ್ಥಿಮಿತವಿಲ್ಲದವನ ಮಾತು ಎಂದು. ಬಹಿಷ್ಕಾರ ಹಾಗೇ ಇದೆ. ಟಿಯರ್ನಿ ಇದನ್ನು ಲ್ಯಾಟಿನ್‌ನಲ್ಲಿ ಬರೆದು ತೋರಿಸಿದರು. ಕಣ್ಣಲ್ಲಿ ನೀರಿತ್ತು. ಕೆಟ್ಟ ಮನುಷ್ಯನಲ್ಲ.

ಗಾಶ್ಪರ್ ಮತ್ತೆ ಗಾಜು ಒರೆಸುತ್ತಿದ್ದಾನೆ. ನಾನು ಹೋಗಿ ಏನು ಮಾಡಿದ ಹಾಗಾಯಿತು? ಆಸೆ ಹುಟ್ಟಿಸಿ ಕಿತ್ತುಕೊಂಡೆ. ನಿದ್ದೆಯಿಲ್ಲ. ನಮ್ಮ ಮಾತೂ ಸವೆಯುತ್ತಿದೆ. ನಿನ್ನೆ 'ಕಿಟಕಿ' ಹೋಯಿತು, ಇವತ್ತು ಬಂತು.

ನವೆಂಬರ್ 9

ಟಿಯರ್ನಿ ನನ್ನ ರಾಜೀನಾಮೆ ಬರೆದು ತಂದರು. ರೋಮಿಗೆ ಹೋಗಬೇಕು. ಶುದ್ಧ ಲ್ಯಾಟಿನ್. ನಿಧಾನವಾಗಿ ಓದಿದೆ. 'ಸ್ವಸ್ಥ ಬುದ್ಧಿಯಿಂದ, ಸ್ವಂತ ಇಚ್ಛೆಯಿಂದ' ಎಂದಿದೆ. ಹಾಗಿಲ್ಲದಿದ್ದರೆ ಸಲ್ಲುವುದಿಲ್ಲ.

ಆ ಸಾಲಿನ ಮೇಲೆ ಬೆರಳಿಟ್ಟೆ. ಲ್ಯಾಟಿನ್‌ನಲ್ಲೇ ಕೇಳಿದೆ, ತಡವರಿಸುತ್ತ: "ನನಗೆ ಬುದ್ಧಿ ಇದೆಯೋ, ಇಲ್ಲವೋ?"

ಅವರು ಪೆನ್ನು ಕೆಳಗಿಟ್ಟರು. ನಾನೇ ಮುಂದುವರಿಸಿದೆ:

"ಇಲ್ಲ ಅಂದ್ರೆ ಈ ಕಾಗದ ಕಸ. ಇದೆ ಅಂದ್ರೆ ಅವತ್ತು ಚರ್ಚಲ್ಲಿ ಹೇಳಿದ್ದೂ ನಿಲ್ಲಬೇಕು. ಒಂದು ಆರಿಸ್ಕೊಳ್ಳಿ."

ಟಿಯರ್ನಿ ಕಿಟಕಿಯ ಬಳಿ ನಿಂತರು.  ಕೊನೆಗೆ ಕೂತು, ಇನ್ನೊಂದು ಹಾಳೆ ತೆಗೆದು ಗಾಶ್ಪರ್ ಹೆಸರು, ಅದರ ಕೆಳಗೆ ನಾನು ಚರ್ಚಿನಲ್ಲಿ ಹೇಳಿದ ರದ್ದತಿ ಬರೆದರು.

ಎರಡಕ್ಕೂ ಸಹಿ ಹಾಕಿದೆ. ಎರಡನ್ನೂ ಓದಿ.

ನವೆಂಬರ್ 15

ಗಾಶ್ಪರ್ ಕಾಗದ ಬಂತು. ಭಾನುವಾರ ಪೂಜೆ ಮಾಡಿದನಂತೆ. ಪಾಪನಿವೇದನೆಗೆ ಸಾಲು ಬಾಗಿಲಾಚೆ ಬೆಳೆದಿತ್ತಂತೆ. ಎದ್ದು ಹೋದವಳು ಬರಲಿಲ್ಲ, ಕಾಯೋಣ ಎಂದಿದ್ದಾನೆ. ಕೊನೆಗೆ ಒಂದು ಸಾಲು: "ಅಲ್ಲಿ ಯಾರ ಹತ್ರ ಮಾತಾಡ್ತೀಯ, ಇಲ್ಲಿ ಬಂದಿರು."

ಕೈ ಬೇಗ ಸೋಲುತ್ತಿದೆ. ಸಿಸ್ಟರ್ ಕಾಯುತ್ತಿದ್ದಾರೆ, ಟಪಾಲಿಗೆ ಹಾಕುತ್ತಾರೆ. ಮೊದಲು ಇಲ್ಲಿ ಬರೆದು ನೋಡುತ್ತೇನೆ.

ಪ್ರಿಯ ಗಾಶ್ಪರ್, ನನ್ನ ಪಾಪನಿವೇದನೆಯನ್ನೂ ನೀನೇ ಕೇಳಬೇಕು. ನಮ್ಮ ಮಾತಿನಲ್ಲೇ. ಇನ್ನೂ ಸ್ವಲ್ಪ ಉಳಿದಿದೆ. ನಾನು