ಉರೀತದ ಅನ್ನೋ ಮಾತು

ಓಝರ್, ಜುಲೈ ೨೦೦೭

ರಂಜನಿ ಅಕ್ಕಾರಿಗೆ ಶ್ರೀವಿದ್ಯಾಳ ನಮಸ್ಕಾರ.

ಫೋನಿನ ಹತ್ರ ಅತ್ತಿಯವರು ಇರ್ತಾರ, ಅದಕ್ಕ ಬರೀಲಿಕ್ಕತ್ತೀನಿ. ನನಗ ರಜಾ ಸಿಗಲಿಲ್ಲ. ಮುಂದಿನ ಕಿಮೋಕ್ಕ ನಿಮ್ಮ ಅವ್ವನ ಜೋಡಿ ನಾಶಿಕದ ದವಾಖಾನಿಗೆ ನೀವ ಹೋಗಬೇಕು. ಮೊನ್ನೆ ಆದದ್ದು ನಿಮಗ ಗೊತ್ತಿರಲಿ.

ಕೆಂಪು ಔಷಧ ಕೈಯ ನರದಾಗ ಹೋಗೋವಾಗ ಸಿಸ್ಟರ್ ಅಪೇಕ್ಷಾ "ಆಜಿ, ದುಖತಯ್ ಕಾ?" ಅಂತ, ನೋವಾಗ್ತದೇನಂತ ಕೇಳಿದ್ರು. ಅತ್ತಿಯವರು ತಮಗ ಬರೋ ಒಂದೇ ಮರಾಠಿ ಮಾತು, "ನಾಹಿ" ಅಂದ್ರು. ಆದರ ಅವರ ಕಾಲ್ಬೆರಳು ಮುದುಡಿದ್ದು ನಾ ನೋಡಿದೆ.

"ಅತ್ತೀ, ಖರೇ ಹೇಳ್ರಿ."

"ಸ್ವಲ್ಪ ಉರೀಲಿಕ್ಕತ್ತದವಾ. ಪಾಪ, ಆ ಹುಡುಗಿಗೆ ಯಾಕ ತ್ರಾಸು?"

ನಾ ಕೂಗಿದ ಕೂಡಲೇ ಸಿಸ್ಟರ್ ಔಷಧ ನಿಲ್ಲಿಸಿದ್ರು. ಸೂಜಿ ಹಂಗೇ ಬಿಟ್ಟು, ನರದ ಹೊರಗ ಸೋರಿದ್ದನ್ನ ಸಿರಿಂಜಿನಿಂದ ಎಷ್ಟು ಬರ್ತದೋ ಅಷ್ಟು ಎಳದು, ಆಮ್ಯಾಲೆ ಸೂಜಿ ತಗದ್ರು. ಇನ್ನೂ ಸುಮ್ಮನಿದ್ದಿದ್ರ ಮಾಂಸ ಕೊಳೀತಿತ್ತು ಅಂದ್ರು ಡಾಕ್ಟರು. ಕೈ ಕೆಂಪದ, ಬಾವು ಇಳೀಲಿಕ್ಕತ್ತದ. ತಣ್ಣನ ಬಟ್ಟಿ ಇಡ್ತೀನಿ. ತಿಕ್ಕಬಾರದು, ಬಿಸಿ ಶಾಖ ಕೊಡಬಾರದು ಅಂದಾರ.

ಔಷಧ ಹೋಗೋವಾಗ ಅತ್ತಿಯವರಿಗೆ ಕೈ ಮ್ಯಾಲೆ ಸೆರಗು ಹೊಚ್ಚಗೊಡಬ್ಯಾಡ್ರಿ. ಮಾತು ನಂಬಬ್ಯಾಡ್ರಿ, ಮಾರಿ ನೋಡ್ರಿ.

ನಿನ್ನೆ ಅವರೇ ಕೇಳಿದ್ರು, "ಉರೀತದ ಅನ್ನೋದಕ್ಕ ಮರಾಠಿಯೊಳಗ ಏನಂತಾರ?" ಹೇಳಿಕೊಟ್ಟೆ. ಅಡಗಿಮನಿಯೊಳಗ ನಿಂತು "ಜಳತಯ್, ಜಳತಯ್" ಅಂತ ಎಷ್ಟು ಜೋರಾಗಿ ಅಂದ್ರಂದ್ರ, ಎಲ್ಲೋ ಬೆಂಕಿ ಹತ್ತೇದಂತ ಬಾಜೂ ಮನಿ ಶಿಂದೆಬಾಯಿ ಕೊಡಾ ನೀರು ಹಿಡಕೊಂಡು ಓಡಿ ಬಂದ್ರು.

ಅತ್ತಿಯವರು ನನ್ನ ಕಡೆ ನೋಡಿ, "ತಿಳೀತು ನೋಡು ಅವರಿಗೆ" ಅಂದ್ರು.

ನಿಮ್ಮ ದಾರಿ ಕಾಯೋ
ಶ್ರೀವಿದ್ಯಾ